ಹಳೆಯ ರೇಡಿಯೋವಿನ ಆರೈಕೆ

೧೯೩೫ರಲ್ಲಿ ಪ್ರೊಫೆಸರ್ ಎಂ. ವಿ. ಗೋಪಾಲಸ್ವಾಮಿಯವರು ಮೈಸೂರಿನ ತಮ್ಮ ಮನೆಯಿಂದ ಬಾನುಲಿಯನ್ನು ಬಿತ್ತರಿಸತೊಡಗಿದರು. ಆ ಕಾಲದ ವಾಲ್ವ್ ರೇಡಿಯೋ ಅಟ್ಟದ ಮೇಲೆ ದೊರೆತರೆ, ಹಿಗ್ಗಿನಿಂದ ಒಡನೆಯೇ ವಿದ್ಯುತ್ತಿಗೆ ಜೋಡಿಸಕೂಡದು.

ದಶಕಗಳ ಕಾಲ ಸುಮ್ಮನಿದ್ದ ಪೆಟ್ಟಿಗೆಯಲ್ಲಿ ಸಾಮಾನ್ಯವಾಗಿ ಮೊದಲು ಕೆಡುವುವು ವಾಲ್ವುಗಳಲ್ಲ, ಕಾಗದದ ಕೆಪ್ಯಾಸಿಟರುಗಳು. ಅವು ಸೋರಿದರೆ ಟ್ರಾನ್ಸ್‌ಫಾರ್ಮರು ಸುಟ್ಟೀತು. ಅದರ ಜೋಡಿ ಇಂದು ದುರ್ಲಭ. ಆದುದರಿಂದ ಮೊದಲು ಅವನ್ನೂ ಬಿರಿದ ರಬ್ಬರು ತಂತಿಗಳನ್ನೂ ಬದಲಾಯಿಸಿ, ವೋಲ್ಟೇಜಿನ ಗುರುತನ್ನು ೨೩೦ಕ್ಕೆ ಹೊಂದಿಸತಕ್ಕದ್ದು. ಒಳಗಿನ ೨೦೦ಕ್ಕೂ ಮಿಕ್ಕ ವೋಲ್ಟು, ಗುಂಡಿ ಆರಿಸಿದ ಮೇಲೂ ಕೆಲಕಾಲ ನಿಂತು ಪ್ರಾಣಕ್ಕೆ ಎರವಾಗಬಹುದು; ಈ ಕೆಲಸ ಬಲ್ಲವರಿಗೇ ಮೀಸಲು.

ಎಫ್.ಎಂ. ಇದರಲ್ಲಿ ಕೇಳಿಸದು; ಆದರೂ ಮಧ್ಯಮ ತರಂಗದ ದೂರದ ನಿಲಯಗಳು ರಾತ್ರಿಯಲ್ಲಿ ಇಂದಿಗೂ ಕೇಳಿಬರುವುವು. ಗೊರಗೊರ ಸದ್ದಾದರೆ, ರೇಡಿಯೋವನ್ನು ದೂಷಿಸುವ ಮುನ್ನ ಮನೆಯ ಮೊಬೈಲ್ ಚಾರ್ಜರನ್ನೂ ಎಲ್‌ಇಡಿ ದೀಪವನ್ನೂ ಆರಿಸಿ ನೋಡಿರಿ.