ಕೈ ಕಳೆದುಕೊಂಡವನ ಕಥೆ ಯಾರದು?

ಶಿರ್ತಾಡಿಯಲ್ಲಿ ಮನೆ ಇರುವವರಿಗೆ ಎರಡು ಗೊಮ್ಮಟಗಳು ನೆರೆಕರೆಯವರಿದ್ದಂತೆ. ಒಂದು ದಿಕ್ಕಿಗೆ ಕಾರ್ಕಳ, ಇನ್ನೊಂದು ದಿಕ್ಕಿಗೆ ವೇಣೂರು. ಕಾರ್ಕಳದ್ದು 1432ರಲ್ಲಿ ಭೈರರಸ ವೀರಪಾಂಡ್ಯ ನಿಲ್ಲಿಸಿದ್ದು, ಸುಮಾರು 42 ಅಡಿ. ವೇಣೂರಿನದ್ದು 1604ರಲ್ಲಿ ತಿಮ್ಮಣ್ಣಾಜಿಲ ನಿಲ್ಲಿಸಿದ್ದು, ಸುಮಾರು 35 ಅಡಿ. ಹೈಸ್ಕೂಲಿನಲ್ಲಿ ಸಮಾಜ ಪಾಠ ಮಾಡುತ್ತಿದ್ದಷ್ಟು ಕಾಲವೂ ನಾನು ಮಕ್ಕಳಿಗೆ ಬರೆಸಿದ್ದು ಇಷ್ಟನ್ನೇ: ರಾಜನ ಹೆಸರು, ಇಸವಿ, ಎತ್ತರ. ಉಳಿ ಹಿಡಿದವನ ಹೆಸರು ಪಾಠದಲ್ಲಿ ಇರಲಿಲ್ಲ. ಅದು ಇದ್ದದ್ದು ಪಾಡ್ದನ ಎಂಬ ತುಳು ಹಾಡುಕಥೆಯಲ್ಲಿ; ನೇಜಿ ನೆಡುವ ಹೆಂಗಸರ ಬಾಯಲ್ಲಿ, ದೈವಾರಾಧನೆಯ ನೇಮದ ರಾತ್ರಿ ತೆಂಬರೆ ಬಡಿಯುತ್ತ ಹಾಡುವ ಅಜ್ಜಿಯರ ಗಂಟಲಲ್ಲಿ.

ಬೀರು ಕಲ್ಕುಡ ಅವನ ಹೆಸರು. ಕಾರ್ಕಳದ ಗುಡ್ಡದ ಮೇಲೆ ಗೊಮ್ಮಟನನ್ನು ಕಡೆದು ಮುಗಿಸಿದ ಮೇಲೆ, ಇಂಥದ್ದು ಇನ್ನೊಂದು ಊರಿನಲ್ಲಿ ಆಗಬಾರದೆಂದು ಅರಸ ಅವನ ಎಡಗೈಯನ್ನೂ ಬಲಗಾಲನ್ನೂ ಕಡಿಸಿದ. ಕಲ್ಕುಡ ವೇಣೂರಿಗೆ ಬಂದ. ಒಂದು ಕೈ, ಒಂದು ಕಾಲಿನಲ್ಲಿ ಅಜಿಲರಿಗೆ ಇನ್ನೊಂದು ಗೊಮ್ಮಟನನ್ನು ಕಡೆದುಕೊಟ್ಟ. ಅಣ್ಣನನ್ನು ಹುಡುಕಿಕೊಂಡು ಬಂದ ತಂಗಿ ಕಲ್ಲುರ್ಟಿ ಅವನ ಅವಸ್ಥೆ ನೋಡಿ ಸುಮ್ಮನಿರಲಿಲ್ಲ. ಇಬ್ಬರೂ ಮಾಯಕಕ್ಕೆ ಸಂದು, ದೈವಗಳಾಗಿ ಕಾರ್ಕಳಕ್ಕೆ ಹೋಗಿ ಅರಸನನ್ನು ಕಾಡಿದರು, ಅರಮನೆಗೆ ಬೆಂಕಿ ಬಿತ್ತು. ಪಾಡ್ದನದ ವಿವರ ಊರಿನಿಂದ ಊರಿಗೆ ಬೇರೆಯಾಗುತ್ತದೆ. ಕಡಿದ ಕೈಕಾಲು ಮಾತ್ರ ಎಲ್ಲ ಕಡೆಯೂ ಇದೆ.

ಲೆಕ್ಕ ಹಾಕುವವರಿಗೆ ಇಲ್ಲೊಂದು ತೊಡಕು ಕಾಣುತ್ತದೆ. ಎರಡು ಗೊಮ್ಮಟಗಳ ನಡುವೆ 172 ವರ್ಷಗಳ ಅಂತರವಿದೆ. ಒಬ್ಬನೇ ಶಿಲ್ಪಿ ಎರಡನ್ನೂ ಕಡೆದಿರಲು ಸಾಧ್ಯವಿಲ್ಲ. ಹಾಗಾದರೆ ಪಾಡ್ದನ ಸುಳ್ಳೇ ಎಂದು ಕೇಳಿದ ಮಕ್ಕಳಿಗೆ ನಾನು ಹೇಳುತ್ತಿದ್ದುದು ಒಂದೇ ಮಾತು. ರಾಜನ ಹೆಸರಿನ ಹಿಂದೆ ಎಷ್ಟೋ ಕಲ್ಲುಕುಟಿಗರ ಕೈ ಇದ್ದಿತು, ಎಷ್ಟೋ ಕೈಗಳಿಗೆ ನೋವಾಗಿತ್ತು. ಆ ಎಲ್ಲ ಕೈಗಳನ್ನು ಪಾಡ್ದನ ಒಬ್ಬನ ಮೈಗೆ ಸೇರಿಸಿತು. ಪುರಾಣ ಕೆಲಸ ಮಾಡುವುದು ಹೀಗೆಯೇ. ಇಸವಿಯನ್ನು ಅದು ಬಿಟ್ಟುಕೊಡುತ್ತದೆ, ಅನ್ಯಾಯವನ್ನು ಬಿಟ್ಟುಕೊಡುವುದಿಲ್ಲ.

ಈ ಕಥೆಯನ್ನು ಹಿಡಿದುಕೊಂಡು ನಾನು ಕೌಬಾಯ್ ಸಿನಿಮಾಗಳ ಬಗ್ಗೆ ಬರೆಯಲು ಹೊರಟದ್ದಕ್ಕೆ ಕಾರಣವಿದೆ. ನನ್ನ ಪ್ರಾಯದವರು ಮಂಗಳೂರಿನಲ್ಲಿ ಕಾಲೇಜು ಓದುತ್ತಿದ್ದ ಕಾಲಕ್ಕೆ 'ಮೆಕನ್ನಾಸ್ ಗೋಲ್ಡ್' ನೋಡದವರು ಕಡಿಮೆ. ಇಂಗ್ಲಿಷ್ ಅರ್ಧ ತಿಳಿಯುತ್ತಿತ್ತು, ಕುದುರೆ ಮತ್ತು ಕೋವಿ ಪೂರ್ತಿ ತಿಳಿಯುತ್ತಿತ್ತು. ಆಗ ಹಿಡಿದ ಹುಚ್ಚು ಇನ್ನೂ ಬಿಟ್ಟಿಲ್ಲ. ಈಗ ಮೊಮ್ಮಗನ ಮೊಬೈಲಿನಲ್ಲಿ ಹಳೆಯ ಜಾನ್ ಫೋರ್ಡ್, ಸೆರ್ಜಿಯೊ ಲಿಯೋನೆ ಚಿತ್ರಗಳನ್ನು ಮತ್ತೆ ಮತ್ತೆ ನೋಡುತ್ತೇನೆ. ಅವು ಸುಂದರವಾದ ಚಿತ್ರಗಳು. ಅವುಗಳೊಳಗಿನ ಒಂದು ವಿಷಯ ಮಾತ್ರ ನನಗೆ ಪ್ರಾಯವಾದಂತೆ ಹೆಚ್ಚು ಹೆಚ್ಚು ಚುಚ್ಚುತ್ತಿದೆ.

ಅಮೆರಿಕದ ಪಡುವಣ ನಾಡಿನ ಆ ಕಾಲ ನಿಜವಾಗಿ ಹೇಗಿತ್ತು? ಕಾನ್ಸಾಸ್ ರಾಜ್ಯದ ಐದು ದನದ ಪೇಟೆಗಳನ್ನು ರಾಬರ್ಟ್ ಡೈಕ್‌ಸ್ಟ್ರಾ ಎಂಬ ಇತಿಹಾಸಕಾರ ಅಧ್ಯಯನ ಮಾಡಿ 1968ರಲ್ಲಿ ಪುಸ್ತಕ ಬರೆದರು. 1870ರಿಂದ 1885ರ ತನಕ ಆ ಐದೂ ಊರು ಸೇರಿ ಅವರಿಗೆ ಸಿಕ್ಕಿದ ಕೊಲೆಗಳು 45. ಒಂದೇ ಸಿನಿಮಾದಲ್ಲಿ ಅಷ್ಟು ಹೆಣ ಬೀಳುವುದುಂಟು. ಅರಿಜೋನಾದ ಟೂಂಬ್‌ಸ್ಟೋನ್‌ ಎಂಬ ಗಣಿ ಊರಿನಲ್ಲಿ 1881ರ ಅಕ್ಟೋಬರ್ 26ರಂದು ವಯಾಟ್ ಅರ್ಪ್, ಅವನ ಸಹೋದರರು ಮತ್ತು ಗೆಳೆಯ ಡಾಕ್ ಹಾಲಿಡೇ ಸೇರಿ ನಡೆಸಿದ ಗುಂಡಿನ ಜಗಳ ಸುಮಾರು ಅರ್ಧ ನಿಮಿಷದ್ದು. ಮೂವರು ಸತ್ತರು. ಪೇಟೆಯೊಳಗೆ ಆಯುಧ ಹಿಡಿದು ತಿರುಗಬಾರದೆಂದು ಆ ಊರಿನಲ್ಲಿ ನಿಯಮವೇ ಇತ್ತು. ಆಯುಧ ಕೆಳಗಿಡಿಸಲು ಅರ್ಪ್ ಸಹೋದರರು ಹೋದಲ್ಲಿಯೇ ಜಗಳ ಹತ್ತಿತು. ಆ ಅರ್ಧ ನಿಮಿಷದ ಮೇಲೆ ಹಾಲಿವುಡ್ ದಶಕಗಳ ಕಾಲ ಚಿತ್ರ ತೆಗೆಯಿತು. ವಯಾಟ್ ಅರ್ಪ್ ಮುದುಕನಾಗಿ ಸತ್ತದ್ದು 1929ರಲ್ಲಿ, ಲಾಸ್ ಏಂಜಲೀಸಿನಲ್ಲಿ, ಸಿನಿಮಾದವರ ಊರಿನಲ್ಲಿಯೇ.

ಅಂದರೆ ಅವರೂ ಪುರಾಣ ಕಟ್ಟಿದರು, ನಾವೂ ಕಟ್ಟಿದೆವು. ಅದರಲ್ಲಿ ತಪ್ಪೇನಿಲ್ಲ. ನೋಡಬೇಕಾದ್ದು ಆ ಪುರಾಣದ ನಡುಮನೆಯಲ್ಲಿ ಯಾರನ್ನು ಕೂರಿಸಿದರು ಎಂಬುದನ್ನು.

'ಶೇನ್' (1953) ನೋಡಿ. ಬಡ ರೈತರ ಕಣಿವೆಗೆ ಎಲ್ಲಿಂದಲೋ ಒಬ್ಬ ಬರುತ್ತಾನೆ, ದುಷ್ಟರನ್ನು ಕೊಲ್ಲುತ್ತಾನೆ, ಕುದುರೆ ಹತ್ತಿ ಹೊರಟುಹೋಗುತ್ತಾನೆ. 'ಹೈ ನೂನ್' (1952) ಚಿತ್ರದ ಮಾರ್ಷಲ್ ನಾಲ್ವರನ್ನು ಎದುರಿಸಿದ ಮೇಲೆ ಬಿಲ್ಲೆಯನ್ನು ಮಣ್ಣಿಗೆ ಎಸೆದು ಊರು ಬಿಡುತ್ತಾನೆ. 'ದಿ ಸರ್ಚರ್ಸ್' (1956) ಕೊನೆಯಲ್ಲಿ ಜಾನ್ ವೇಯ್ನ್ ಬಾಗಿಲ ಹೊರಗೇ ಉಳಿದು ತಿರುಗಿ ನಡೆಯುತ್ತಾನೆ. ಕೊಂದವನು ಹೋಗಿಬಿಡುತ್ತಾನೆ. ಅವನ ಕೈಗೆ ಅಂಟಿದ ರಕ್ತವೂ ಅವನೊಂದಿಗೇ ಹೋಗುತ್ತದೆ, ಊರು ಸ್ವಚ್ಛವಾಗಿ ಉಳಿಯುತ್ತದೆ, ಮರುದಿನದಿಂದ ಶಾಲೆ, ಇಗರ್ಜಿ, ರೈಲು. ಹಿಂಸೆಯಿಂದ ನಾಡು ಹೊಸದಾಗಿ ಹುಟ್ಟುತ್ತದೆ ಎನ್ನುವ ಈ ನಂಬಿಕೆಯನ್ನು ರಿಚರ್ಡ್ ಸ್ಲಾಟ್ಕಿನ್ ಎಂಬ ವಿದ್ವಾಂಸರು 1973ರಿಂದ ಮೂರು ದೊಡ್ಡ ಗ್ರಂಥಗಳಲ್ಲಿ ಬಿಡಿಸಿ ತೋರಿಸಿದ್ದಾರೆ. ಜಾನ್ ಫೋರ್ಡ್‌ಗೂ ಇದು ಗೊತ್ತಿತ್ತು. ಅವರ 'ದಿ ಮ್ಯಾನ್ ಹೂ ಶಾಟ್ ಲಿಬರ್ಟಿ ವಾಲೆನ್ಸ್' (1962) ಚಿತ್ರದಲ್ಲಿ ದುಷ್ಟ ವಾಲೆನ್ಸ್ ಎಂಬವನನ್ನು ಕೊಂದ ಖ್ಯಾತಿಯಿಂದ ಸೆನೆಟರ್ ಆಗಿ ಬೆಳೆದವನು ತಾನು ಆ ಕೊಲೆ ಮಾಡಿದವನಲ್ಲ ಎಂದು ಒಪ್ಪಿಕೊಂಡರೂ, ಪತ್ರಿಕೆಯ ಸಂಪಾದಕ ಬರೆದುಕೊಂಡ ಟಿಪ್ಪಣಿಯನ್ನು ಹರಿದು ಹಾಕುತ್ತಾನೆ. ನಿಜವಾಗಿ ಗುಂಡು ಹೊಡೆದವನು ಬಡವನಾಗಿ ಸತ್ತು ಪೆಟ್ಟಿಗೆಯೊಳಗೆ ಮಲಗಿದ್ದಾನೆ.

ಪೆಟ್ಟು ತಿಂದವರ ಗತಿ ಏನು? 'ಅನ್‌ಫರ್ಗಿವನ್' (1992) ನನ್ನ ಮಟ್ಟಿಗೆ ಈ ಬಗೆಯ ಚಿತ್ರಗಳಲ್ಲೇ ಅತ್ಯಂತ ಪ್ರಾಮಾಣಿಕವಾದದ್ದು. ಅದು ಶುರುವಾಗುವುದು ಒಬ್ಬ ವೇಶ್ಯೆಯ ಮುಖವನ್ನು ಗಿರಾಕಿ ಚಾಕುವಿನಿಂದ ಸೀಳುವುದರಿಂದ. ಶೆರಿಫ್ ಕೊಟ್ಟ ತೀರ್ಪು: ಅಪರಾಧಿಗಳು ಕುದುರೆಗಳನ್ನು ದಂಡವಾಗಿ ಕೊಡಲಿ, ಹೆಣ್ಣಿಗಲ್ಲ, ಅವಳ ಧಣಿಗೆ. ಆ ಮನೆಯ ಹೆಂಗಸರು ಹಣ ಕೂಡಿಸಿ ಕೊಲೆಗಾರರನ್ನು ಕರೆಸುತ್ತಾರೆ. ಅಲ್ಲಿಂದ ಮುಂದೆ ಕಥೆ ಕ್ಲಿಂಟ್ ಈಸ್ಟ್‌ವುಡ್ ಪಾತ್ರದ್ದು, ಅವನ ಪಾಪದ್ದು, ಅವನ ಕುಡಿತದ್ದು. ಮುಖ ಸೀಳಿಸಿಕೊಂಡ ಆ ಹೆಂಗಸು ಮೆಲ್ಲಗೆ ಮೂಲೆಗೆ ಸರಿದುಬಿಡುತ್ತಾಳೆ. ಅಷ್ಟು ಎಚ್ಚರದ ಚಿತ್ರಕ್ಕೂ ಅವಳನ್ನು ನಡುವಿನಲ್ಲಿ ಇಟ್ಟುಕೊಳ್ಳಲು ಆಗಲಿಲ್ಲ.

ಆ ನೆಲದ ಮೂಲದವರ ಪಾಡು ಇನ್ನೂ ಕಷ್ಟದ್ದು. ಲಕೋಟಾ ಜನರ ಮುಖಂಡ ಸಿಟಿಂಗ್ ಬುಲ್‌ ಅವರನ್ನು 1885ರಲ್ಲಿ ಬಫಲೋ ಬಿಲ್ ಎಂಬವನು ತನ್ನ ತಿರುಗಾಟದ ಪ್ರದರ್ಶನದಲ್ಲಿ ಸೇರಿಸಿಕೊಂಡ. ಜನ ದುಡ್ಡು ಕೊಟ್ಟು ಅವರನ್ನು ನೋಡಿದರು. 1890ರ ಡಿಸೆಂಬರ್‌ನಲ್ಲಿ ಬಂಧಿಸಲು ಹೋದ ಪೊಲೀಸರ ಗುಂಡಿಗೆ ಅವರು ಸತ್ತರು. ಅದೇ ತಿಂಗಳ 29ರಂದು ವೂಂಡೆಡ್ ನೀ ಎಂಬಲ್ಲಿ ಹೆಂಗಸರು ಮಕ್ಕಳು ಸೇರಿ ಇನ್ನೂರಕ್ಕೂ ಮಿಕ್ಕಿ ಲಕೋಟಾ ಜನರನ್ನು ಸೈನ್ಯ ಕೊಂದಿತು. ಆಮೇಲಿನ ಎಷ್ಟೋ ಸಿನಿಮಾಗಳಲ್ಲಿ ಅವರು ಗುಡ್ಡದ ತುದಿಯಲ್ಲಿ ಸಾಲಾಗಿ ಕಾಣಿಸಿಕೊಂಡು ಕುದುರೆಯಿಂದ ಉರುಳುವವರು, ಅಷ್ಟೇ. ಅವರ ಕಡೆಯ ಹಾಡನ್ನು ಕೇಳಿಸಿಕೊಳ್ಳುವ ವ್ಯವಧಾನ ಹಾಲಿವುಡ್‌ಗೆ ಬಹಳ ಕಾಲ ಇರಲಿಲ್ಲ.

ನಮ್ಮ ರಾಜ್ಯದ ಬಂಡೆಗಳ ನಡುವೆಯೂ ಒಂದು ಕೌಬಾಯ್ ಚಿತ್ರ ಹುಟ್ಟಿತು. ರಾಮನಗರದ ಬೆಟ್ಟಗಳಲ್ಲಿ ರಮೇಶ್ ಸಿಪ್ಪಿ ತೆಗೆದ 'ಶೋಲೆ' 1975ರ ಆಗಸ್ಟ್ 15ರಂದು ಬಿಡುಗಡೆಯಾಯಿತು. ಅದರಲ್ಲಿ ದರೋಡೆಕೋರ ಗಬ್ಬರ್ ಸಿಂಗ್ ಠಾಕೂರನ ಎರಡೂ ಕೈ ಕಡಿಯುತ್ತಾನೆ. ಆ ದೃಶ್ಯ ಬಂದಾಗಲೆಲ್ಲ ನನಗೆ ಕಲ್ಕುಡನೇ ಕಣ್ಣ ಮುಂದೆ ಬರುತ್ತಾನೆ. ಠಾಕೂರ್ ಬಾಡಿಗೆಗೆ ಇಬ್ಬರು ಧೈರ್ಯದ ಕಳ್ಳರನ್ನು ಕರೆಸಿದ, ಕೊನೆಗೆ ಮೊಳೆ ಹೊಡೆದ ಚಪ್ಪಲಿಯ ಕಾಲಿನಿಂದ ತಾನೇ ತುಳಿದ. ಮೊದಲು ತೆಗೆದ ಅಂತ್ಯದಲ್ಲಿ ಅವನು ಗಬ್ಬರನನ್ನು ಕೊಂದೇ ಬಿಡುತ್ತಿದ್ದ. ತುರ್ತು ಪರಿಸ್ಥಿತಿಯ ಕಾಲದ ಸೆನ್ಸಾರ್ ಮಂಡಳಿ ಒಪ್ಪದೆ ಪೊಲೀಸರು ಬಂದು ತಡೆಯುವಂತೆ ಬದಲಾಯಿಸಬೇಕಾಯಿತು. ಕಲ್ಕುಡ ಯಾರನ್ನೂ ಬಾಡಿಗೆಗೆ ಕರೆಸಲಿಲ್ಲ. ಉಳಿದ ಕೈಯಲ್ಲಿ ಉಳಿ ಹಿಡಿದ. ಅರಸ ಯಾವುದನ್ನು ತಡೆಯಬೇಕೆಂದು ಅವನ ಕೈ ಕಡಿಸಿದನೋ ಅದನ್ನೇ ಮಾಡಿ ತೋರಿಸಿದ. ಬೆಂಕಿ ಬಿದ್ದದ್ದು ಆಮೇಲೆ. ಪಾಡ್ದನ ಈ ಎರಡನ್ನೂ ಈ ಕ್ರಮದಲ್ಲೇ ಇಟ್ಟಿರುವುದು ನನಗೆ ಬಹಳ ದೊಡ್ಡ ಸಂಗತಿ.

ಅದಕ್ಕಿಂತ ದೊಡ್ಡದು ಸೇಡು ತೀರಿದ ಮೇಲಿನ ಭಾಗ. ಕಲ್ಕುಡ-ಕಲ್ಲುರ್ಟಿಯರು ಕುದುರೆ ಹತ್ತಿ ಹೋಗಲಿಲ್ಲ. ಅವರು ಇಲ್ಲಿಯೇ ನೆಲೆಯಾದರು. ಬಂಟ್ವಾಳದ ಸಜಿಪಮೂಡದ ಪಣೋಲಿಬೈಲಿನಲ್ಲಿ ಕಲ್ಲುರ್ಟಿಗೆ ಅಗೆಲು ಎಂಬ ಹರಕೆಯ ಎಡೆ ಕೊಡಲು ಜನ ದೂರದಿಂದ ಬರುತ್ತಾರೆ. ಕಳವು, ಜಾಗದ ತಕರಾರು, ಮನೆಯ ಜಗಳ, ಏನಿದ್ದರೂ ಅವಳ ಮುಂದೆ ಹೇಳಿಕೊಳ್ಳುತ್ತಾರೆ. ಅವಳು ಸತ್ಯದೇವತೆ. ಪೆಟ್ಟು ತಿಂದ ಮನೆಯ ಮಗಳು ಈಗ ನ್ಯಾಯ ಹೇಳುವವಳು. ತುಳುನಾಡಿನ ಅವಳಿ ವೀರರಾದ ಕೋಟಿ-ಚೆನ್ನಯರ ಕಥೆಯೂ ಹೀಗೆಯೇ. ಗದ್ದೆಯ ನೀರಿನ ಜಗಳದಲ್ಲಿ ಬುದ್ಯಂತನೆಂಬವನನ್ನು ಕೊಂದ ಆ ಅವಳಿಗಳು ಕೊನೆಗೆ ಎಣ್ಮೂರಿನ ಯುದ್ಧದಲ್ಲಿ ತಾವೇ ಅಳಿದರು. ಅವರನ್ನು ಆರಾಧಿಸುವ ಗರಡಿಗಳಲ್ಲಿ ಹಾಡುವುದು ಗೆಲುವನ್ನು ಮಾತ್ರ ಅಲ್ಲ; ತಾಯಿ ದೇಯಿಯ ಸಾವು, ಅರಸ ಬಲ್ಲಾಳ ಮುರಿದ ಮಾತು, ಅಣ್ಣನ ಹಿಂದೆಯೇ ಜೀವ ಬಿಟ್ಟ ಚೆನ್ನಯ, ಎಲ್ಲವನ್ನೂ.

ಈಗ 'ಕಾಂತಾರ'ಕ್ಕೆ ಬರುತ್ತೇನೆ. 2022ರ ಸೆಪ್ಟೆಂಬರ್ 30ರಂದು ಬಿಡುಗಡೆಯಾದ ರಿಷಬ್ ಶೆಟ್ಟಿಯವರ ಆ ಚಿತ್ರವನ್ನು ನಾನು ಮೆಚ್ಚಿದವನು. ನಮ್ಮ ದೈವದ ಹೆಸರನ್ನು ದೇಶವೆಲ್ಲ ಹೇಳಿತು. ಅದರ ಕೊನೆಯಲ್ಲಿ ಎರಡು ಘಟನೆಗಳಿವೆ. ಗುಳಿಗ ದೈವ ಮೈಮೇಲೆ ಬಂದ ನಾಯಕ ಶಿವ ಊರಿನ ಧಣಿಯನ್ನು ಕೊಲ್ಲುವುದು ಒಂದು. ಪಂಜುರ್ಲಿ ದೈವ ಬಂದು ಅರಣ್ಯ ಅಧಿಕಾರಿಯ ಕೈಯನ್ನೂ ಊರವರ ಕೈಗಳನ್ನೂ ಒಟ್ಟು ಹಿಡಿಸುವುದು ಇನ್ನೊಂದು. ಎರಡನೆಯದು ಅಪ್ಪಟ ತುಳುನಾಡಿನದು. ಮೊದಲನೆಯದರ ರಭಸ ಕೌಬಾಯ್ ಚಿತ್ರದ್ದು. ಅಲ್ಲಿ ದೈವ ಕೋವಿಯ ಜಾಗದಲ್ಲಿ ನಿಂತಿದೆ. ಚಿತ್ರಮಂದಿರದಲ್ಲಿ ಸೀಟಿ ಬಿದ್ದದ್ದು ಯಾವುದಕ್ಕೆ ಎಂದು ನೋಡಿದವರಿಗೆ ಗೊತ್ತು. ಅದರ ಹಿಂದಿನ ಕಥೆ ಹೇಳುವ ಚಿತ್ರ 2025ರಲ್ಲಿ ಬಂದಾಗ ದೈವದ ವೇಷ ಹಾಕಿ ಅನುಕರಣೆ ಮಾಡಬೇಡಿ ಎಂದು ಚಿತ್ರ ತಯಾರಿಸಿದವರೇ ಮನವಿ ಮಾಡಬೇಕಾಯಿತು.

ಆ ವರ್ಷಗಳಲ್ಲಿ ನಮ್ಮ ಕಡೆಯ ಒಂದು ನೇಮದಲ್ಲಿ ಪಕ್ಕದಲ್ಲಿ ಕೂತ ಹುಡುಗ ಕೇಳಿದ, "ಮಾಷ್ಟ್ರೇ, ಸಿನಿಮಾದ ಹಾಗೆ ಇಲ್ಲಿ ದೈವ ಕೂಗುವುದಿಲ್ವಾ?"

"ಕೂಗುವುದೂ ಉಂಟು ಮಗಾ, ಸ್ವಲ್ಪ ಕೂತುಕೋ. ಮಾತಾಡುವುದು ಇನ್ನು ಮೇಲೆ," ಎಂದೆ.

ಅವನು ಕೂತ. ಗಗ್ಗರದ ಸದ್ದು ನಿಂತ ಮೇಲೆ ದೈವ ಗುತ್ತಿನ, ಅಂದರೆ ಊರಿನ ದೊಡ್ಡ ಮನೆಯ, ಯಜಮಾನರನ್ನು ಹತ್ತಿರ ಕರೆದು ತಮ್ಮನೊಂದಿಗಿನ ಜಾಗದ ವ್ಯಾಜ್ಯದ ಬಗ್ಗೆ ಕೇಳಿತು. ಊರೆಲ್ಲ ಕೇಳಿಸಿಕೊಳ್ಳುತ್ತಿತ್ತು. ಯಜಮಾನರು ತಲೆ ತಗ್ಗಿಸಿ ಉತ್ತರ ಕೊಟ್ಟರು, ತಮ್ಮನನ್ನು ಕರೆಸಿದರು, ಇಬ್ಬರಿಗೂ ದೈವದ ಪ್ರಸಾದವಾಗಿ ಹಿಂಗಾರ ಸಿಕ್ಕಿತು. ಬಹಳ ಹೊತ್ತು ಹಿಡಿಯಿತು. ರಕ್ತ ಬೀಳದೆ ನ್ಯಾಯ ಕೇಳುವ ಆ ದೀರ್ಘವಾದ, ನಿಧಾನದ ಹೊತ್ತನ್ನು ಯಾವ ಸಿನಿಮಾದಲ್ಲೂ ನಾನು ಇನ್ನೂ ನೋಡಿಲ್ಲ. ನೋಡಬೇಕೆಂಬ ಆಸೆ ಇದೆ.

ನಮ್ಮದೆಲ್ಲ ಸರಿ ಎಂದು ಮಾತ್ರ ಯಾರೂ ತಿಳಿಯಬಾರದು. ಗುತ್ತಿನ ಯಜಮಾನರು ಯಾರ ಮುಂದೆ ತಲೆ ತಗ್ಗಿಸಿದರೋ ದೈವ ಕಟ್ಟಿದ ಆ ಮನುಷ್ಯ, ಊರು ದೂರ ಇಟ್ಟ ಜಾತಿಗಳಾದ ನಲಿಕೆಯವರೋ ಪರವರೋ ಪಂಬದರೋ ಆಗಿರುತ್ತಾರೆ. ಬೆಳಕು ಹರಿದು ಅಣಿ ಬಿಚ್ಚಿದ ಮೇಲೆ ಎಷ್ಟೋ ಮನೆಗಳಲ್ಲಿ ಅವರಿಗೆ ಒಳಗೆ ಎಲೆ ಹಾಕುತ್ತಿರಲಿಲ್ಲ. ಇಂದಿಗೂ ಹಾಕದ ಮನೆಗಳಿವೆ. ರಾತ್ರಿ ಅವರ ಬಾಯಿಂದ ಕಡಿದ ಕೈಯ ಕಥೆ ಕೇಳಿ ಕಣ್ಣು ಒರೆಸಿಕೊಂಡವರು ಹಗಲಿನಲ್ಲಿ ಹೀಗೆ ಮಾಡುವುದು ಅದೇ ಅನ್ಯಾಯದ ಮುಂದುವರಿಕೆ. 2022ರ ಅಕ್ಟೋಬರ್‌ನಲ್ಲಿ ರಾಜ್ಯ ಸರ್ಕಾರ 60 ವರ್ಷ ದಾಟಿದ ದೈವನರ್ತಕರಿಗೆ ತಿಂಗಳಿಗೆ 2000 ರೂಪಾಯಿ ಮಾಸಾಶನ ಘೋಷಿಸಿತು. ಸಿನಿಮಾದಿಂದ ಆದ ಒಳ್ಳೆಯ ಕೆಲಸಗಳಲ್ಲಿ ಅದೂ ಒಂದು. ಅದಕ್ಕೆ ರಿಷಬ್ ಶೆಟ್ಟಿಯವರಿಗೆ ಋಣಿಯಾಗಿರಬೇಕು.

ಟ್ರ್ಯಾಕ್ಟರು, ನಾಟಿ ಯಂತ್ರ ಬಂದ ಮೇಲೆ ಗದ್ದೆಯ ಹಾಡು ನಿಂತಿದೆ. ಹಾಡುತ್ತಿದ್ದ ಹೆಂಗಸರು ಎಪ್ಪತ್ತು ದಾಟಿದ್ದಾರೆ. ನಾಳೆಯ ಮಕ್ಕಳಿಗೆ ದೈವ ಎಂದರೆ ಪರದೆಯ ಮೇಲಿನ ಕೂಗು ಮಾತ್ರ ಆಗಬಾರದಾದರೆ ಇವತ್ತೇ ಮಾಡಬಹುದಾದ ಒಂದು ಕೆಲಸವಿದೆ. ನಿಮ್ಮ ಮನೆಯಲ್ಲೋ ನೆರೆಕರೆಯಲ್ಲೋ ಕಲ್ಕುಡನ ಪಾಡ್ದನ ಬಲ್ಲ ಅಜ್ಜಿ ಇದ್ದರೆ ಅವರ ಮುಂದೆ ಮೊಬೈಲ್ ಇಟ್ಟು ಹಾಡಿಸಿ, ಸೇಡಿನ ತನಕ ಮಾತ್ರ ಅಲ್ಲ, ಕೊನೆಯ ಸಾಲಿನ ತನಕ. ಹಾಡಿದವರ ಹೆಸರನ್ನೂ ಬರೆದಿಡಿ.