ಸರ್ಕಾರಿ ನೌಕರರ ಬಾಕಿ ವೇತನದ ನ್ಯಾಯಾಂಗ ಪರಿಶೀಲನೆ

ಸರ್ಕಾರಿ ನೌಕರರ ಬಾಕಿ ವೇತನದ ನ್ಯಾಯಾಂಗ ಪರಿಶೀಲನೆ ಎಂದರೆ, ಹಿಂದಿನ ಅವಧಿಗೆ ಸಲ್ಲಬೇಕಿದ್ದ ಸಂಬಳ, ಭತ್ಯೆ ಅಥವಾ ಪಿಂಚಣಿಯನ್ನು ಕೋರಿ ನೌಕರರು ಸಲ್ಲಿಸುವ ಅರ್ಜಿಗಳನ್ನು ಭಾರತದ ನ್ಯಾಯಾಲಯಗಳು ಮತ್ತು ಆಡಳಿತ ನ್ಯಾಯಮಂಡಳಿಗಳು ವಿಚಾರಣೆ ನಡೆಸಿ ತೀರ್ಮಾನಿಸುವ ಪ್ರಕ್ರಿಯೆ. ವೇತನ ನಿಗದಿಯಲ್ಲಿನ ತಪ್ಪು, ತಡವಾಗಿ ದೊರೆತ ಮುಂಬಡ್ತಿ ಮತ್ತು ಮುಂದೆ ರದ್ದಾದ ವಜಾ ಆದೇಶ ಇಂತಹ ವ್ಯಾಜ್ಯಗಳ ಸಾಮಾನ್ಯ ಮೂಲಗಳು. ಇವುಗಳಲ್ಲಿ ಎರಡು ಪ್ರಶ್ನೆಗಳನ್ನು ಪ್ರತ್ಯೇಕವಾಗಿ ಪರಿಶೀಲಿಸಲಾಗುತ್ತದೆ: ಆ ವೇತನಕ್ಕೆ ನೌಕರರು ಅರ್ಹರೇ ಎಂಬುದು ಮೊದಲನೆಯದು, ಅರ್ಹರಾಗಿದ್ದರೆ ಎಷ್ಟು ಹಿಂದಿನಿಂದ ಹಣ ಪಾವತಿಯಾಗಬೇಕು ಎಂಬುದು ಎರಡನೆಯದು. ಮೊದಲನೆಯದರಲ್ಲಿ ಗೆದ್ದವರು ವಿಳಂಬದ ಕಾರಣದಿಂದ ಎರಡನೆಯದರಲ್ಲಿ ಬಾಕಿಯ ಬಹುಪಾಲನ್ನು ಕಳೆದುಕೊಳ್ಳುವುದುಂಟು.

ಹಿನ್ನೆಲೆ

ರಾಜಸತ್ತೆಯ ಸೇವಕನು ಬಾಕಿ ಸಂಬಳಕ್ಕಾಗಿ ದಾವೆ ಹೂಡುವಂತಿಲ್ಲ ಎಂಬ ಇಂಗ್ಲೆಂಡಿನ ನಿಯಮವನ್ನು ಪ್ರಿವಿ ಕೌನ್ಸಿಲ್ 1948ರಲ್ಲಿ ಐ. ಎಂ. ಲಾಲ್ ಪ್ರಕರಣದಲ್ಲಿ ಭಾರತಕ್ಕೂ ಅನ್ವಯಿಸಿತ್ತು. ಬಿಹಾರ ರಾಜ್ಯ ವಿರುದ್ಧ ಅಬ್ದುಲ್ ಮಜೀದ್ (1954) ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವು ಆ ನಿಯಮವನ್ನು ತಳ್ಳಿಹಾಕಿ, ದಾವೆ ಹೂಡುವ ಹಕ್ಕನ್ನು ಎತ್ತಿಹಿಡಿಯಿತು. ಮಾಧವ ಲಕ್ಷ್ಮಣ ವೈಕುಂಠೆ ವಿರುದ್ಧ ಮೈಸೂರು ರಾಜ್ಯ (1961) ಪ್ರಕರಣದಲ್ಲಿ ಅಧಿಕಾರಿಯೊಬ್ಬರ ಹಿಂಬಡ್ತಿಯು ಸಂವಿಧಾನದ 311(2)ನೇ ವಿಧಿಗೆ ವಿರುದ್ಧವೆಂದು ತೀರ್ಮಾನವಾಯಿತು. ಆದರೆ ಬಾಕಿ ಸಂಬಳದ ಕೋರಿಕೆಗೆ ಮೂರು ವರ್ಷಗಳ ಕಾಲಮಿತಿ ಅನ್ವಯಿಸುತ್ತದೆ ಎಂದೂ ನ್ಯಾಯಾಲಯ ಹೇಳಿತು.

ವಿಚಾರಣಾ ವೇದಿಕೆಗಳು

ಸಂವಿಧಾನದ 323ಎ ವಿಧಿ ಹಾಗೂ 1985ರ ಆಡಳಿತ ನ್ಯಾಯಮಂಡಳಿಗಳ ಅಧಿನಿಯಮದ ಅನ್ವಯ ಕೇಂದ್ರ ನೌಕರರಿಗೆ ಕೇಂದ್ರ ಆಡಳಿತ ನ್ಯಾಯಮಂಡಳಿ ಇದೆ. ಕರ್ನಾಟಕದ ರಾಜ್ಯ ನೌಕರರಿಗಾಗಿ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿ 1986ರಲ್ಲಿ ಸ್ಥಾಪನೆಯಾಯಿತು. ಎಲ್. ಚಂದ್ರಕುಮಾರ್ ಪ್ರಕರಣದ (1997) ತೀರ್ಪಿನಂತೆ ನ್ಯಾಯಮಂಡಳಿಗಳ ಆದೇಶವನ್ನು ಉಚ್ಚ ನ್ಯಾಯಾಲಯದ ವಿಭಾಗೀಯ ಪೀಠದ ಮುಂದೆ ಪ್ರಶ್ನಿಸಬಹುದು.

ಅಧಿನಿಯಮದ 21ನೇ ಪ್ರಕರಣದಂತೆ, ಇಲಾಖೆಯ ಅಂತಿಮ ಆದೇಶದಿಂದ ಒಂದು ವರ್ಷದೊಳಗೆ ಅರ್ಜಿ ಸಲ್ಲಿಸಬೇಕು. ಮನವಿ ನೀಡಿ ಆರು ತಿಂಗಳಾದರೂ ಆದೇಶ ಬಾರದಿದ್ದರೆ, ಆ ಆರು ತಿಂಗಳು ಮುಗಿದ ದಿನದಿಂದ ಒಂದು ವರ್ಷದ ಅವಕಾಶವಿದೆ. ಸಾಕಷ್ಟು ಕಾರಣ ತೋರಿಸಿದರೆ ವಿಳಂಬವನ್ನು ಮನ್ನಿಸಬಹುದು. ಆದರೆ ಕಾಲಮಿತಿ ಮೀರಿದ ಕೋರಿಕೆಗೆ ಮತ್ತೆ ಮನವಿ ಕೊಟ್ಟು ಉತ್ತರ ಪಡೆದ ಮಾತ್ರಕ್ಕೆ ಅದು ಜೀವ ಪಡೆಯುವುದಿಲ್ಲ ಎಂದು ಸಿ. ಜೇಕಬ್ ಪ್ರಕರಣದಲ್ಲಿ (2008) ಸ್ಪಷ್ಟಪಡಿಸಲಾಗಿದೆ.

ಮುಂದುವರಿಯುವ ಅನ್ಯಾಯದ ತತ್ವ

ವೇತನ ತಪ್ಪಾಗಿ ನಿಗದಿಯಾದಾಗ ಪ್ರತಿ ತಿಂಗಳ ಸಂಬಳದೊಂದಿಗೆ ಹೊಸ ವ್ಯಾಜ್ಯಕಾರಣ ಹುಟ್ಟುತ್ತದೆ ಎಂದು ಎಂ. ಆರ್. ಗುಪ್ತ ಪ್ರಕರಣದಲ್ಲಿ (1995) ಸರ್ವೋಚ್ಚ ನ್ಯಾಯಾಲಯ ಹೇಳಿತು. ಹೀಗಾಗಿ ಸೇವೆಯಲ್ಲಿರುವವರೆಗೂ ಸರಿಯಾದ ವೇತನವನ್ನು ಕೋರಬಹುದು. ಆದರೆ ಹಿಂದಿನ ಬಾಕಿಗೆ ಕಾಲಮಿತಿ ಅನ್ವಯಿಸುತ್ತದೆ. ತರಸೇಮ್ ಸಿಂಗ್ ಪ್ರಕರಣದಲ್ಲಿ (2008), 1983ರಲ್ಲಿ ಸೇನೆಯಿಂದ ಬಿಡುಗಡೆಯಾದವರೊಬ್ಬರು ಅಂಗವೈಕಲ್ಯ ಪಿಂಚಣಿಗಾಗಿ 1999ರಲ್ಲಿ ಉಚ್ಚ ನ್ಯಾಯಾಲಯದ ಮೊರೆ ಹೋಗಿದ್ದರು. ಹದಿನಾರು ವರ್ಷಗಳ ಬಾಕಿ ನೀಡುವ ಆದೇಶವನ್ನು ಒಪ್ಪದ ಸರ್ವೋಚ್ಚ ನ್ಯಾಯಾಲಯ, ಬಾಕಿಯನ್ನು ರಿಟ್ ಅರ್ಜಿಗೆ ಹಿಂದಿನ ಮೂರು ವರ್ಷಗಳಿಗೆ ಸೀಮಿತಗೊಳಿಸಿತು. ಇತರರ ಮೇಲೆ ಪರಿಣಾಮ ಬೀರುವ ಜ್ಯೇಷ್ಠತೆ, ಮುಂಬಡ್ತಿಯಂತಹ ವಿಷಯಗಳಲ್ಲಿ ವಿಳಂಬವಾದರೆ ಈ ತತ್ವದ ಪ್ರಯೋಜನ ದೊರೆಯುವುದಿಲ್ಲ ಎಂದೂ ತಿಳಿಸಿತು.

ಉದಾಹರಣೆಗೆ, ತಿಂಗಳಿಗೆ 500 ರೂಪಾಯಿ ಕಡಿಮೆ ವೇತನ ಪಡೆಯುತ್ತಿರುವ ನೌಕರರೊಬ್ಬರು 14 ವರ್ಷಗಳ ನಂತರ ಅರ್ಜಿ ಸಲ್ಲಿಸಿದರೆಂದು ಭಾವಿಸಿದಲ್ಲಿ, ಅಷ್ಟರವರೆಗಿನ ಒಟ್ಟು ನಷ್ಟ 84,000 ರೂಪಾಯಿ. ಮೂರು ವರ್ಷಗಳ ಮಿತಿಯಂತೆ ಅದರಲ್ಲಿ ದೊರೆಯುವುದು 18,000 ರೂಪಾಯಿ ಮಾತ್ರ. ಮುಂದಿನ ವೇತನವು ಸರಿಪಡಿಸಿದ ದರದಲ್ಲಿ ಸಲ್ಲುತ್ತದೆ.

ಕೆಲಸ ಮಾಡದ ಅವಧಿಯ ವೇತನ

ಪೂರ್ವಾನ್ವಯವಾಗಿ ಮುಂಬಡ್ತಿ ದೊರೆತಾಗ ಸರ್ಕಾರವು ಸಾಮಾನ್ಯವಾಗಿ "ಕೆಲಸವಿಲ್ಲದಿದ್ದರೆ ವೇತನವಿಲ್ಲ" ಎಂಬ ವಾದವನ್ನು ಮುಂದಿಡುತ್ತದೆ. ಪಾಲೂರು ರಾಮಕೃಷ್ಣಯ್ಯ ಪ್ರಕರಣದಲ್ಲಿ (1989) ಈ ವಾದಕ್ಕೆ ಮನ್ನಣೆ ದೊರೆತು, ಉನ್ನತ ಹುದ್ದೆಯಲ್ಲಿ ವಾಸ್ತವವಾಗಿ ಕೆಲಸ ಮಾಡದ ಅವಧಿಗೆ ಬಾಕಿಯನ್ನು ನಿರಾಕರಿಸಲಾಯಿತು. ಕೆ. ವಿ. ಜಾನಕಿರಾಮನ್ ಪ್ರಕರಣವು (1991) ಇದಕ್ಕೆ ಮುಖ್ಯ ಅಪವಾದ. ಕೆಲಸ ಮಾಡಲು ಸಿದ್ಧರಿದ್ದವರನ್ನು ಅವರ ತಪ್ಪಿಲ್ಲದೆ ಆಡಳಿತವೇ ದೂರವಿಟ್ಟಿದ್ದರೆ ಈ ನಿಯಮ ಅನ್ವಯಿಸದು ಎಂದು ಅದರಲ್ಲಿ ತೀರ್ಪು ನೀಡಲಾಯಿತು. ಆದರೆ ವಿಚಾರಣೆ ವಿಳಂಬವಾಗಲು ನೌಕರರೇ ಕಾರಣರಾಗಿದ್ದಂತಹ ಸಂದರ್ಭಗಳಲ್ಲಿ ಬಾಕಿಯನ್ನು ಪೂರ್ಣವಾಗಿ ಅಥವಾ ಭಾಗಶಃ ತಡೆಯುವ ಅಧಿಕಾರವು ಆಡಳಿತಕ್ಕೆ ಉಳಿದಿದೆ.

ಬಡ್ಡಿ

ಕೋವಿಡ್ ಸಮಯದಲ್ಲಿ ಆಂಧ್ರಪ್ರದೇಶ ಸರ್ಕಾರ ಮುಂದೂಡಿದ್ದ 2020ರ ಮಾರ್ಚ್ ಮತ್ತು ಏಪ್ರಿಲ್ ತಿಂಗಳ ವೇತನ ಹಾಗೂ ಪಿಂಚಣಿಯ ಮೇಲೆ ಉಚ್ಚ ನ್ಯಾಯಾಲಯ ವಾರ್ಷಿಕ ಶೇ. 12ರಷ್ಟು ಬಡ್ಡಿ ವಿಧಿಸಿತ್ತು. ಸರ್ವೋಚ್ಚ ನ್ಯಾಯಾಲಯವು 2021ರಲ್ಲಿ ಅದನ್ನು ಶೇ. 6ಕ್ಕೆ ಇಳಿಸಿತು. ಈ ಬಡ್ಡಿಯು ಸರ್ಕಾರಕ್ಕೆ ವಿಧಿಸುವ ದಂಡವಲ್ಲ, ವಿಳಂಬಕ್ಕೆ ನೀಡುವ ಪರಿಹಾರ ಎಂಬುದು ಅದರ ಅಭಿಪ್ರಾಯವಾಗಿತ್ತು.

ಇತರರ ತೀರ್ಪಿನ ಪ್ರಯೋಜನ

ಒಬ್ಬ ನೌಕರರಿಗೆ ದೊರೆತ ಪರಿಹಾರವು ಅದೇ ಸ್ಥಿತಿಯಲ್ಲಿರುವ ಇತರರಿಗೂ ಸಲ್ಲಬೇಕೆಂಬುದು ಸಾಮಾನ್ಯ ನಿಯಮ. ಆದರೆ ತಮಗಾದ ಅನ್ಯಾಯವನ್ನು ಪ್ರಶ್ನಿಸದೆ ಸುಮ್ಮನಿದ್ದು, ಇತರರು ಗೆದ್ದ ನಂತರವಷ್ಟೇ ಬಂದವರಿಗೆ ಅದನ್ನು ನಿರಾಕರಿಸಬಹುದು ಎಂದು ಅರವಿಂದ ಕುಮಾರ್ ಶ್ರೀವಾಸ್ತವ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯ ಹೇಳಿದೆ. ತೀರ್ಪು ತನ್ನ ಸ್ವರೂಪದಲ್ಲೇ ಇಡೀ ವರ್ಗಕ್ಕೆ ಅನ್ವಯಿಸುವಂತಿದ್ದರೆ, ನ್ಯಾಯಾಲಯಕ್ಕೆ ಬಾರದವರಿಗೂ ಅದರ ಪ್ರಯೋಜನವನ್ನು ನೀಡುವುದು ಆಡಳಿತದ ಹೊಣೆಯಾಗುತ್ತದೆ.