ಅಗತ್ಯ ವಸ್ತುಗಳ ದಾಸ್ತಾನು: ಶಿಕ್ಷೆಗಿಂತ ಮೊದಲು ಬರುವ ಜಪ್ತಿ

2023ರ ಸೆಪ್ಟೆಂಬರ್ ಕೊನೆಯ ವಾರ ಬಸವನಗುಡಿಯ ನನ್ನ ಕಚೇರಿಗೆ ಬೇಳೆಕಾಳಿನ ಸಗಟು ವರ್ತಕರೊಬ್ಬರು ಬಂದರು. ಯಶವಂತಪುರದ ಅವರ ಗೋದಾಮಿನಲ್ಲಿ 140 ಟನ್ ತೊಗರಿ ಇತ್ತು. ಆ ವರ್ಷದ ಜೂನ್ 2ರಂದು ಕೇಂದ್ರ ಸರ್ಕಾರವು ತೊಗರಿ ಮತ್ತು ಉದ್ದಿಗೆ ವಿಧಿಸಿದ್ದ ಮಿತಿ ಸಗಟು ವರ್ತಕರಿಗೆ 200 ಟನ್, ಚಿಲ್ಲರೆ ವರ್ತಕರಿಗೆ 5 ಟನ್. ಸೆಪ್ಟೆಂಬರ್ 25ರ ಆದೇಶವು ಆ 200ನ್ನು 50ಕ್ಕೆ ಇಳಿಸಿತು. ಹಿಂದಿನ ದಿನ ನ್ಯಾಯಬದ್ಧವಾಗಿದ್ದ ಸರಕಿನಲ್ಲಿ 90 ಟನ್ ಹೆಚ್ಚುವರಿಯಾಗಿಬಿಟ್ಟಿತ್ತು. ಜೈಲಾಗುವುದೇ ಎಂಬುದು ಅವರ ಮೊದಲ ಪ್ರಶ್ನೆ.

ಅಗತ್ಯ ವಸ್ತುಗಳ ಅಧಿನಿಯಮ, 1955ರ ಕಲಂ 7 ಇದಕ್ಕೆ ಉತ್ತರ ನೀಡುತ್ತದೆ. ಲೆಕ್ಕಪತ್ರ ಇಡುವ ಹಾಗೂ ಮಾಹಿತಿ ಒದಗಿಸುವ ಆದೇಶಗಳನ್ನು ಉಲ್ಲಂಘಿಸಿದರೆ 1 ವರ್ಷದವರೆಗೆ ಕಾರಾಗೃಹವಾಸ ಮತ್ತು ದಂಡ. ದಾಸ್ತಾನು ಮಿತಿಯೂ ಸೇರಿದಂತೆ ಇತರ ಆದೇಶಗಳ ಉಲ್ಲಂಘನೆಗೆ ಕನಿಷ್ಠ 3 ತಿಂಗಳು, ಗರಿಷ್ಠ 7 ವರ್ಷ, ಜೊತೆಗೆ ದಂಡ. ವಿಶೇಷ ಕಾರಣಗಳಿದ್ದಲ್ಲಿ ಅವನ್ನು ದಾಖಲಿಸಿ ನ್ಯಾಯಾಲಯವು ಕನಿಷ್ಠ ಅವಧಿಯನ್ನು ಕಡಿಮೆ ಮಾಡಬಹುದು. ಎರಡನೆಯ ಸಲ ತಪ್ಪಿತಸ್ಥರಾದರೆ ಕನಿಷ್ಠ ಅವಧಿ 6 ತಿಂಗಳು. ಇದಲ್ಲದೆ 1980ರ ಕಾಳಸಂತೆ ತಡೆ ಅಧಿನಿಯಮದಡಿ ವಿಚಾರಣೆಯಿಲ್ಲದೆಯೇ 6 ತಿಂಗಳವರೆಗೆ ಬಂಧನದಲ್ಲಿಡಲು ಅವಕಾಶವಿದೆ.

ಆದರೆ ನನ್ನ ಅನುಭವದಲ್ಲಿ ವರ್ತಕನನ್ನು ಮುಳುಗಿಸುವುದು ಕಲಂ 7 ಅಲ್ಲ, ಕಲಂ 6ಎ. ಮೊಕದ್ದಮೆ ಹೂಡಲಿ, ಬಿಡಲಿ, ಜಪ್ತಿಯಾದ ಸರಕನ್ನು, ಅದರ ಚೀಲಗಳನ್ನು, ಸಾಗಿಸಿದ ವಾಹನವನ್ನು ಸಹ ಮುಟ್ಟುಗೋಲು ಹಾಕಿಕೊಳ್ಳುವ ಅಧಿಕಾರ ಜಿಲ್ಲಾಧಿಕಾರಿಗಳಿಗಿದೆ. ಅದಕ್ಕೆ ಮೊದಲು ಕಲಂ 6ಬಿ ಪ್ರಕಾರ ಲಿಖಿತ ನೋಟಿಸು ಕೊಟ್ಟು ಅಹವಾಲು ಕೇಳಲೇಬೇಕು. ಆ ನೋಟಿಸಿಗೆ ಬಾಯಿಮಾತಿನ ಉತ್ತರ ಸಾಲದು. ಬ್ಯಾಂಕಿನ ಸಾಲಕ್ಕೆ ಆಧಾರವಾದ ಸರಕು ಬೀಗದೊಳಗಿದ್ದರೂ ಬಡ್ಡಿ ನಿಲ್ಲುವುದಿಲ್ಲವಷ್ಟೆ.

ಇದಕ್ಕೆ ನಮ್ಮ ನೆರೆರಾಜ್ಯ ಆಂಧ್ರಪ್ರದೇಶದ ನಾಗೇಂದ್ರ ರಾವ್ ಪ್ರಕರಣವೇ ನಿದರ್ಶನ. ರಸಗೊಬ್ಬರ ಮತ್ತು ಧಾನ್ಯದ ಈ ವರ್ತಕರ ದಾಸ್ತಾನು 1975ರಲ್ಲಿ ಜಪ್ತಿಯಾಯಿತು. ಮರುವರ್ಷ ಬಹುಪಾಲು ಸರಕನ್ನು ಬಿಡುಗಡೆ ಮಾಡುವ ಆದೇಶ ಬಂದಾಗ ಸರಕು ಕೆಟ್ಟುಹೋಗಿತ್ತು. ಅಧಿಕಾರಿಗಳ ನಿರ್ಲಕ್ಷ್ಯದ ನಷ್ಟವನ್ನು ಸರ್ಕಾರವೇ ತುಂಬಬೇಕೆಂದು ಸುಪ್ರೀಂ ಕೋರ್ಟ್ ತೀರ್ಪಿತ್ತದ್ದು 1994ರಲ್ಲಿ. ತೀರ್ಪು ವರ್ತಕರ ಪರವಾಗಿದೆ, ನಿಜ. ಆದರೆ ಹತ್ತೊಂಬತ್ತು ವರ್ಷ ಕಾಯುವ ಬಂಡವಾಳ ನಮ್ಮಲ್ಲಿ ಯಾರಿಗಿದೆ?

'ನನಗೆ ದುರುದ್ದೇಶವಿರಲಿಲ್ಲ' ಎಂಬ ವಾದದ ಕಥೆಯೂ ತಿಳಿದಿರಬೇಕಾದದ್ದೇ. ಲೈಸೆನ್ಸಿಗೆ ಅರ್ಜಿ ಹಾಕಿ, ಅದು ಬರುವುದೆಂದು ನಂಬಿ ಧಾನ್ಯ ಇಟ್ಟುಕೊಂಡಿದ್ದ ಮಧ್ಯಪ್ರದೇಶದ ನಾಥೂಲಾಲ್ ಎಂಬ ವರ್ತಕರನ್ನು 1965ರಲ್ಲಿ ಸುಪ್ರೀಂ ಕೋರ್ಟ್ ದೋಷಮುಕ್ತಗೊಳಿಸಿತು. ಆದರೆ 1974ರ ತಿದ್ದುಪಡಿಯಿಂದ ಸೇರಿದ ಕಲಂ 10ಸಿ ಪ್ರಕಾರ ದುರುದ್ದೇಶವಿತ್ತೆಂದೇ ನ್ಯಾಯಾಲಯ ಭಾವಿಸತಕ್ಕದ್ದು. ಇರಲಿಲ್ಲವೆಂದು ಸಂಶಯಾತೀತವಾಗಿ ಸಾಬೀತುಪಡಿಸುವ ಹೊಣೆ ಆರೋಪಿಯದು. ಪಾಲುದಾರಿಕೆ ಸಂಸ್ಥೆಗಳಲ್ಲಿ ವ್ಯವಹಾರದ ಹೊಣೆ ಹೊತ್ತ ಪಾಲುದಾರರೂ ಕಲಂ 10ರಡಿ ಸಿಲುಕುತ್ತಾರೆ.

ಮತ್ತೊಂದು ತಪ್ಪು ತಿಳಿವಳಿಕೆಯನ್ನು ಇಲ್ಲಿಯೇ ತಿದ್ದಬೇಕು. 2002ರ ಫೆಬ್ರವರಿ 15ರ ಕೇಂದ್ರ ಆದೇಶವು ಧಾನ್ಯ, ಎಣ್ಣೆಕಾಳು ಮುಂತಾದವುಗಳ ಲೈಸೆನ್ಸ್ ಮತ್ತು ದಾಸ್ತಾನು ನಿರ್ಬಂಧಗಳನ್ನು ತೆಗೆದಾಗ ಅನೇಕರು ದಾಸ್ತಾನು ಪುಸ್ತಕಗಳನ್ನು ಅಟ್ಟಕ್ಕೇರಿಸಿದರು. 2006ರಲ್ಲಿ ಗೋಧಿ, ಬೇಳೆಕಾಳುಗಳ ಮೇಲೆ ನಿರ್ಬಂಧ ಮರಳಿತು. ಬೇಗನೆ ಕೆಡದ ಆಹಾರ ಪದಾರ್ಥಗಳ ಚಿಲ್ಲರೆ ಬೆಲೆ ಶೇಕಡ 50ರಷ್ಟು ಏರಿದರೆ ಮಾತ್ರ ಮಿತಿ ಎಂಬ 2020ರ ತಿದ್ದುಪಡಿಯನ್ನು ಈಗಲೂ ನೆಚ್ಚಿಕೊಂಡಿರುವವರಿದ್ದಾರೆ. ಕೃಷಿ ಕಾಯ್ದೆಗಳೊಂದಿಗೆ ಅದೂ 2021ರಲ್ಲಿ ರದ್ದಾಗಿದೆ.

ನಮ್ಮ ವರ್ತಕರ ವಿಷಯಕ್ಕೆ ಬರೋಣ. ಹೆಚ್ಚುವರಿ ದಾಸ್ತಾನನ್ನು ಇಳಿಸಲು ಇಂಥ ಆದೇಶಗಳಲ್ಲಿ ಗಡುವು ಇರುತ್ತದೆ. ಜೂನ್ ಆದೇಶದಲ್ಲಿ ಅದು 30 ದಿನ. ಕೇಂದ್ರದ ಪೋರ್ಟಲ್‌ನಲ್ಲಿ ದಾಸ್ತಾನು ಘೋಷಿಸುವುದೂ ಕಡ್ಡಾಯವಾಗಿತ್ತು. ಪುಸ್ತಕ ತೆರೆದು ನೋಡಿದರೆ 140 ಟನ್ನಿನಲ್ಲಿ 30 ಟನ್ ಅವರ ಬಂಧುವೊಬ್ಬರದು, ಸ್ಥಳವಿಲ್ಲವೆಂದು ತಂದಿಟ್ಟದ್ದು. ಬಿಲ್ಲಿಲ್ಲ, ಠೇವಣಿ ಚೀಟಿಯಿಲ್ಲ, ನಮೂದೂ ಇಲ್ಲ. ತನಿಖಾಧಿಕಾರಿ ಬಂದಿದ್ದರೆ ಮಿತಿಯ ಜೊತೆಗೆ ಲೆಕ್ಕಪತ್ರದ ಆರೋಪವೂ ಸೇರುತ್ತಿತ್ತು. ಆ ಸರಕನ್ನು ಸೂಕ್ತ ದಾಖಲೆಗಳೊಂದಿಗೆ ಅದರ ಮಾಲೀಕರಿಗೆ ಹಿಂದಿರುಗಿಸಿ, ಉಳಿದದ್ದರಲ್ಲಿ 60 ಟನ್ ಅನ್ನು ಲಾಭ ಬಿಟ್ಟು ಮೂರು ವಾರಗಳಲ್ಲಿ ಮಾರಿದರು. ಅಂದಿನಿಂದ ಅವರ ಗೋದಾಮಿನಲ್ಲಿ ಪ್ರತಿ ಸಂಜೆ ಚೀಲಗಳ ಎಣಿಕೆಯನ್ನು ಪುಸ್ತಕದೊಂದಿಗೆ ತಾಳೆ ನೋಡಿಯೇ ಬೀಗ ಹಾಕುತ್ತಾರೆ.